162 ಮ್ಯಾಚು ಪೂರ್ತಿ ಆಡಬೇಕಾ? ಬೇಸ್‌ಬಾಲ್ ಗೇಮ್‌ಗಳ ಸೀಸನ್ ಬಗ್ಗೆ ನಿಮ್ಮ ಪ್ರಶ್ನೆಗಳು

ಹೋದ ಸಂಚಿಕೆಯಲ್ಲಿ ಬೇಸ್‌ಬಾಲ್ ವಿಡಿಯೊ ಗೇಮ್‌ಗಳ ಬಗ್ಗೆ ಎರಡು ಮಾತು ಬರೆದಿದ್ದೆ. ಆಮೇಲೆ ಬಂದ ಪತ್ರಗಳಲ್ಲಿ ಹೆಚ್ಚಿನವರು ಕೇಳಿದ್ದು ಒಂದೇ ವಿಷಯ: ಸೀಸನ್ ಎಷ್ಟು ಉದ್ದ ಇಟ್ಟುಕೊಳ್ಳಬೇಕು? ಅದಕ್ಕೇ ಈ ಸಲದ ಅಂಕಣ ಪೂರ್ತಿ ಅದಕ್ಕೆ ಬಿಟ್ಟಿದ್ದೇನೆ.

ಪ್ರಶ್ನೆ: ಇಲ್ಲಿವರೆಗೂ ಕ್ರಿಕೆಟ್ ಗೇಮ್ ಮಾತ್ರ ಆಡಿದ್ದೆ. ಈಗ ಕಂಪ್ಯೂಟರಿನಲ್ಲಿ ಸೂಪರ್ ಮೆಗಾ ಬೇಸ್‌ಬಾಲ್ 4 ಹಾಕಿಕೊಂಡಿದ್ದೇನೆ. ಹೊಸ ಸೀಸನ್ ಶುರು ಮಾಡುವಾಗ ಎಷ್ಟು ಮ್ಯಾಚು, ಎಷ್ಟು ಇನ್ನಿಂಗ್ಸ್ ಅಂತ ಕೇಳುತ್ತದೆ. ಏನು ಹಾಕಲಿ ಸರ್?
— ಇಂಜಿನಿಯರಿಂಗ್ ವಿದ್ಯಾರ್ಥಿ, ದಾವಣಗೆರೆ

ಉತ್ತರ: ಮೊದಲ ಸೀಸನ್‌ಗೆ 30ರಿಂದ 40 ಮ್ಯಾಚು, ಇನ್ನಿಂಗ್ಸ್ ಮಾತ್ರ ಪೂರ್ತಿ 9. ಇಷ್ಟರಿಂದ ಶುರು ಮಾಡಿ. ಇಲ್ಲಿ ಮೂವರು ಔಟಾದರೆ ಒಂದು ತಂಡದ ಬ್ಯಾಟಿಂಗ್ ಸರದಿ ಮುಗಿಯುತ್ತದೆ, ಎರಡೂ ತಂಡದ ಒಂದೊಂದು ಸರದಿ ಸೇರಿದರೆ ಒಂದು ಇನ್ನಿಂಗ್ಸ್.

ಐಪಿಎಲ್ ಲೀಗ್ ಹಂತದಲ್ಲಿ ಒಂದು ತಂಡಕ್ಕೆ 14 ಮ್ಯಾಚು. ಎರಡು ಸೋತರೆ ಸಾಕು, ಮನೆಮಂದಿಯೆಲ್ಲಾ ಪಾಯಿಂಟ್ಸ್ ಟೇಬಲ್ ಹಿಡಿದು ಲೆಕ್ಕ ಹಾಕೋಕೆ ಕೂರುತ್ತಾರೆ. ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್‌ನಲ್ಲಿ ಒಂದೊಂದು ತಂಡಕ್ಕೂ 162 ಮ್ಯಾಚು. ಮಾರ್ಚ್ ಕೊನೆಯಿಂದ ಸೆಪ್ಟೆಂಬರ್ ಕೊನೆವರೆಗೆ ಹೆಚ್ಚುಕಮ್ಮಿ ದಿನಾ ಆಡುತ್ತಾರೆ. ಅಲ್ಲಿ ಒಳ್ಳೆಯ ತಂಡವೂ ವರ್ಷಕ್ಕೆ 60 ಮ್ಯಾಚು ಸೋಲುತ್ತದೆ, ಅದು ದೊಡ್ಡ ವಿಷಯವೇ ಅಲ್ಲ. ಕ್ರಿಕೆಟ್‌ನಿಂದ ಬಂದವರಿಗೆ ಇದು ತಲೆಗೆ ಹತ್ತೋಕೆ ಸ್ವಲ್ಪ ಸಮಯ ಬೇಕು. 14 ಮ್ಯಾಚಿನ ಸೀಸನ್ ಇಟ್ಟುಕೊಂಡರೆ ಹತ್ತೋದೇ ಇಲ್ಲ, ಪ್ರತಿ ಸೋಲೂ ನೋಯುತ್ತದೆ, ಮತ್ತೆ ಮತ್ತೆ ರೀಸ್ಟಾರ್ಟ್ ಒತ್ತಬೇಕು ಅನಿಸುತ್ತದೆ. ಹಾಗಂತ ಮೊದಲ ಸಲವೇ 162 ಹಾಕಿದಿರಿ ಅಂದರೆ, ಒಂದು ಮ್ಯಾಚಿಗೆ 40 ನಿಮಿಷ ಅಂದುಕೊಂಡರೂ ನೂರು ಗಂಟೆ ದಾಟುತ್ತದೆ. ಪರೀಕ್ಷೆ ಬಂದು ಅರ್ಧಕ್ಕೇ ನಿಲ್ಲುತ್ತದೆ.

ಇನ್ನೊಂದು ಮಾತು. ಈ ಗೇಮಿನಲ್ಲಿ ನಿಮ್ಮದೇ ಲೀಗ್ ಕಟ್ಟಿಕೊಂಡು ತಂಡಗಳನ್ನೂ ಕಡಿಮೆ ಮಾಡಿಕೊಳ್ಳಬಹುದು. ಕಡಿಮೆ ತಂಡ ಇದ್ದರೆ ಅದೇ ಎದುರಾಳಿ ಮತ್ತೆ ಮತ್ತೆ ಎದುರಾಗುತ್ತದೆ. ಅವರ ಯಾವ ಪಿಚರ್ ಯಾವ ಚೆಂಡು ಜಾಸ್ತಿ ಎಸೆಯುತ್ತಾನೆ ಅನ್ನೋದು ನಿಮಗೆ ಗೊತ್ತಾಗುತ್ತಾ ಹೋಗುತ್ತದೆ. ಮ್ಯಾಚು ಕಡಿಮೆ ಇದ್ದರೂ ಸೀಸನ್‌ಗೆ ಒಂದು ಹಗೆತನ, ಒಂದು ಕಥೆ ಹುಟ್ಟಿಕೊಳ್ಳುತ್ತದೆ. ಕಷ್ಟದ ಮಟ್ಟಕ್ಕೆ ಅದರಲ್ಲಿ 'ಈಗೋ' ಅಂತ ಹೆಸರು, 0ರಿಂದ 99ರವರೆಗೆ ಇದೆ. ಸತತವಾಗಿ ಗೆಲ್ಲೋಕೆ ಶುರು ಮಾಡಿದ ಮೇಲೆ ಸ್ವಲ್ಪ ಸ್ವಲ್ಪವೇ ಏರಿಸಿ.

ಪ್ರಶ್ನೆ: ಕೆಲಸ ಮುಗಿಸಿ ಮನೆ ಸೇರೋದು ರಾತ್ರಿ ಎಂಟಾಗುತ್ತದೆ. ಗೇಮಿಗೆ ಸಿಗೋದು ಒಂದು ಗಂಟೆ. 162 ಮ್ಯಾಚು ಇಟ್ಟುಕೊಂಡು 3 ಇನ್ನಿಂಗ್ಸ್ ಮಾಡಿದರೆ ಬೇಗ ಬೇಗ ಆಡಬಹುದಲ್ವಾ? ಅಥವಾ 9 ಇನ್ನಿಂಗ್ಸ್ ಇಟ್ಟು ಮ್ಯಾಚು ಕಡಿಮೆ ಮಾಡೋದು ಒಳ್ಳೆಯದಾ?
— ಬ್ಯಾಂಕ್ ಉದ್ಯೋಗಿ, ಬೆಂಗಳೂರು

ಉತ್ತರ: ದಯವಿಟ್ಟು ಇನ್ನಿಂಗ್ಸ್ ಕತ್ತರಿಸಬೇಡಿ. ಈ ಅಂಕಣದಲ್ಲಿ ನೀವು ಒಂದೇ ಮಾತು ನೆನಪಿಟ್ಟುಕೊಳ್ಳುವುದಾದರೆ ಇದನ್ನೇ ಇಟ್ಟುಕೊಳ್ಳಿ.

ಯಾಕೆ ಅಂತ ಹೇಳುತ್ತೇನೆ. ಬೇಸ್‌ಬಾಲ್‌ನ ತಂತ್ರಗಾರಿಕೆಯೆಲ್ಲಾ ನಿಂತಿರೋದು ಪಿಚರ್‌ಗಳ ಸುಸ್ತಿನ ಮೇಲೆ. ಒಂದು ತಂಡದಲ್ಲಿ ಸಾಮಾನ್ಯವಾಗಿ ಐದು ಜನ ಸ್ಟಾರ್ಟರ್‌ಗಳು, ಅಂದರೆ ಮ್ಯಾಚು ಶುರು ಮಾಡೋ ಪಿಚರ್‌ಗಳು ಇರುತ್ತಾರೆ. ಒಬ್ಬ ಇವತ್ತು ಎಸೆದರೆ ಅವನಿಗೆ ನಾಲ್ಕು ದಿನ ವಿಶ್ರಾಂತಿ, ಐದನೇ ದಿನ ಮತ್ತೆ ಅವನ ಸರದಿ. ಸ್ಟಾರ್ಟರ್ ಐದಾರು ಇನ್ನಿಂಗ್ಸ್ ಎಳೆದರೆ, 90-100 ಚೆಂಡು ಆಗುವಷ್ಟರಲ್ಲಿ ಅವನ ಕೈ ಸೋಲುತ್ತದೆ. ಆಮೇಲೆ ಬುಲ್‌ಪೆನ್‌ನಿಂದ, ಅಂದರೆ ಬದಲಿ ಪಿಚರ್‌ಗಳ ಗುಂಪಿನಿಂದ, ಒಬ್ಬೊಬ್ಬರನ್ನೇ ಕರೆಸಬೇಕು.

ಏಳನೇ ಇನ್ನಿಂಗ್ಸ್ ಅಂದುಕೊಳ್ಳಿ. ನೀವು ಒಂದು ರನ್ ಮುಂದಿದ್ದೀರಿ. ಇಬ್ಬರು ಔಟ್ ಆಗಿದ್ದಾರೆ, ಆದರೆ ಎರಡು ಬೇಸ್‌ಗಳಲ್ಲಿ ಎದುರಾಳಿಗಳು ರನ್‌ಗೆ ಕಾದು ನಿಂತಿದ್ದಾರೆ. ನಿಮ್ಮ ಸ್ಟಾರ್ಟರ್‌ನ ಶಕ್ತಿ ತೋರಿಸೋ ಪಟ್ಟಿ ಕೆಂಪಾಗಿದೆ. ಮೂಲೆಗೆ ಅಂತ ಗುರಿ ಇಟ್ಟ ಚೆಂಡು ಮಧ್ಯಕ್ಕೆ ಜಾರುತ್ತಿದೆ. ಬ್ಯಾಟ್ ಹಿಡಿದು ಬಂದವನು ಎಡಗೈ ಆಟಗಾರ, ಅಂಥವರಿಗೆ ಸಾಮಾನ್ಯವಾಗಿ ಎಡಗೈ ಪಿಚರ್ ಕಷ್ಟ. ಬುಲ್‌ಪೆನ್‌ನಲ್ಲಿ ಒಬ್ಬ ಎಡಗೈ ಪಿಚರ್ ಇದ್ದಾನೆ, ಆದರೆ ನಿನ್ನೆಯೂ ಎಸೆದಿದ್ದಾನೆ. 2020ರಿಂದ ಇನ್ನೊಂದು ನಿಯಮ ಬಂದಿದೆ, ಹೊಸ ಪಿಚರ್ ಬಂದರೆ ಅವನು ಕನಿಷ್ಠ ಮೂರು ಬ್ಯಾಟರ್‌ಗಳನ್ನು ಎದುರಿಸಬೇಕು ಅಥವಾ ಎದುರಾಳಿ ತಂಡದ ಆ ಬ್ಯಾಟಿಂಗ್ ಸರದಿ ಮುಗಿಸಬೇಕು. ಕರೆಸುತ್ತೀರಾ, ಬಿಡುತ್ತೀರಾ? ಬೇಸ್‌ಬಾಲ್ ಅಂದರೆ ಈ ಒದ್ದಾಟವೇ. 3 ಇನ್ನಿಂಗ್ಸ್ ಮ್ಯಾಚಿನಲ್ಲಿ ಇದು ಬರೋದೇ ಇಲ್ಲ. ಸ್ಟಾರ್ಟರ್ ಸುಸ್ತಾಗೋ ಮೊದಲೇ ಮ್ಯಾಚು ಮುಗಿದಿರುತ್ತದೆ. ಬುಲ್‌ಪೆನ್‌ಗೆ ಅಂತ ದುಡ್ಡು ಸುರಿದು ತಂದ ಆಟಗಾರರು ಸುಮ್ನೆ ಕೂತಿರುತ್ತಾರೆ.

ಬ್ಯಾಟಿಂಗ್ ಲೆಕ್ಕವೂ ಕೆಡುತ್ತದೆ. 9 ಇನ್ನಿಂಗ್ಸ್‌ನಲ್ಲಿ ಒಂದು ತಂಡದ ಬ್ಯಾಟರ್‌ಗಳಿಗೆಲ್ಲಾ ಸೇರಿ 37-38 ಸರದಿ ಆಗುತ್ತದೆ, ಅಂದರೆ ಒಬ್ಬೊಬ್ಬನಿಗೆ ನಾಲ್ಕು ಸಲ ಅವಕಾಶ. 3 ಇನ್ನಿಂಗ್ಸ್‌ನಲ್ಲಿ ಸಿಗೋದು 12-13 ಸರದಿ. ಮೊದಲ ಮೂರ್ನಾಲ್ಕು ಆಟಗಾರರಿಗೆ ಎರಡು ಸಲ, ಉಳಿದವರಿಗೆ ಒಂದೇ ಸಲ. ನಿಜವಾದ ಲೀಗಿನಲ್ಲಿ ಬ್ಯಾಟಿಂಗ್ ಸರಾಸರಿಯ ಪ್ರಶಸ್ತಿಗೆ ಲೆಕ್ಕ ಹಿಡಿಯಬೇಕಾದರೆ ತಂಡ ಆಡಿದ ಪ್ರತಿ ಮ್ಯಾಚಿಗೆ ಸರಾಸರಿ 3.1 ಸರದಿ ಆಡಿರಬೇಕು. 162 ಮ್ಯಾಚಿಗೆ ಅದು 502. ಪಿಚರ್‌ಗೆ ಮ್ಯಾಚಿಗೆ ಒಂದು ಇನ್ನಿಂಗ್ಸ್, ಅಂದರೆ 162. ನಿಮ್ಮ ಗೇಮ್ ಈ ಮಿತಿಯನ್ನು ಹಾಗೇ ಇಟ್ಟಿದ್ದರೆ 3 ಇನ್ನಿಂಗ್ಸ್ ಲೀಗಿನಲ್ಲಿ ಒಬ್ಬನೂ ಅಲ್ಲಿಗೆ ಮುಟ್ಟುವುದಿಲ್ಲ.

ಹಾಗಾದರೆ ನಿಮ್ಮ ಒಂದು ಗಂಟೆಗೆ ಏನು ಮಾಡೋದು? ಕ್ಯಾಲೆಂಡರ್ ಪೂರ್ತಿ 162 ಇರಲಿ, ಆದರೆ ಎಲ್ಲವನ್ನೂ ನಿಮ್ಮ ಕೈಯಿಂದ ಆಡಬೇಡಿ. ಬೇಸ್‌ಬಾಲ್‌ನಲ್ಲಿ ಒಂದು ಊರಿಗೆ ಹೋದರೆ ಮೂರೋ ನಾಲ್ಕೋ ಮ್ಯಾಚಿನ ಸರಣಿ ಆಡಿ ಬರುತ್ತಾರೆ. ಪ್ರತಿ ಸರಣಿಯಲ್ಲಿ ಒಂದನ್ನು ನೀವು ಆಡಿ, ಉಳಿದವನ್ನು ಗೇಮೇ ಸಿಮ್ಯುಲೇಟ್ ಮಾಡಲಿ, ಅಂದರೆ ತಾನೇ ಆಡಿಸಿ ಫಲಿತಾಂಶ ಕೊಡಲಿ. ಸುಮಾರು 52 ಸರಣಿ ಇರುತ್ತವೆ, ನೀವು ಆಡೋದೂ ಹೆಚ್ಚುಕಮ್ಮಿ ಅಷ್ಟೇ ಮ್ಯಾಚು. ಆದರೆ ಗಾಯ, ಸುಸ್ತು, ಆಟಗಾರರ ವಿನಿಮಯ, ಫಾರ್ಮ್ ಎಲ್ಲಾ ಆರು ತಿಂಗಳ ಲೆಕ್ಕದಲ್ಲೇ ನಡೆಯುತ್ತದೆ. ಬೇಕೆಂದೇ ನಿಮ್ಮ ಐದನೇ ಸ್ಟಾರ್ಟರ್ ಎಸೆಯೋ ದಿನವನ್ನೂ ಆಗಾಗ ಆರಿಸಿಕೊಳ್ಳಿ. ಬರೀ ಒಳ್ಳೆಯ ಪಿಚರ್ ಇದ್ದ ದಿನ ಮಾತ್ರ ಆಡೋದು ಅಷ್ಟು ಮಜಾ ಕೊಡಲ್ಲ.

ಪ್ರಶ್ನೆ: ನನ್ನ ಹಳೆಯ ಗೇಮಿನಲ್ಲಿ 29, 58, 81, 162 ಅಂತ ಆಯ್ಕೆ ಇದೆ. ಈ 29, 58 ಎಲ್ಲಿಂದ ಬಂತು? 162 ಅನ್ನೋದಾದರೂ ಯಾಕೆ?
— ಓದುಗರು, ಉಡುಪಿ

ಉತ್ತರ: ಮೇಜರ್ ಲೀಗಿನಲ್ಲಿ 30 ತಂಡ. ನಿಮ್ಮನ್ನು ಬಿಟ್ಟರೆ 29. ಎಲ್ಲರ ಜೊತೆ ಒಂದೊಂದು ಮ್ಯಾಚು ಆಡಿದರೆ 29, ಎರಡೆರಡು ಆಡಿದರೆ 58. 81 ಅಂದರೆ ಪೂರ್ತಿ ಸೀಸನ್‌ನ ಅರ್ಧ.

162ರ ಲೆಕ್ಕ ಹಳೆಯದು. ಮೇಜರ್ ಲೀಗಿನೊಳಗೇ ಅಮೆರಿಕನ್, ನ್ಯಾಷನಲ್ ಅಂತ ಎರಡು ಲೀಗು. ಮೊದಲು ಒಂದೊಂದರಲ್ಲಿ ಎಂಟು ತಂಡ ಇದ್ದವು. ಏಳು ಎದುರಾಳಿಗಳ ಜೊತೆ 22 ಸಲ ಆಡಿದರೆ 154. 1961ರಲ್ಲಿ ಅಮೆರಿಕನ್ ಲೀಗ್ ಹತ್ತು ತಂಡಕ್ಕೆ ಬೆಳೆಯಿತು. ಒಂಬತ್ತು ಎದುರಾಳಿಗಳ ಜೊತೆ 18 ಸಲ, ಅಲ್ಲಿಗೆ 162. ಮರುವರ್ಷ ನ್ಯಾಷನಲ್ ಲೀಗೂ ಅದೇ ಹಾದಿ ಹಿಡಿಯಿತು. ಆಮೇಲೆ ತಂಡಗಳು 30 ಆದರೂ ಸಂಖ್ಯೆ ಹಾಗೇ ಉಳಿಯಿತು.

ಪ್ರಶ್ನೆ: 29 ಮ್ಯಾಚಿನ ಸೀಸನ್ ಆಡಿದೆ. ನನ್ನ ತಂಡ ಕಾಗದದ ಮೇಲೆ ಲೀಗಿನಲ್ಲೇ ಬಲಿಷ್ಠ. ಆದರೂ ಪ್ಲೇಆಫ್‌ಗೇ ಹೋಗಲಿಲ್ಲ. ಯಾವುದೋ ಬಡಪಾಯಿ ತಂಡ ಮೊದಲ ಸ್ಥಾನಕ್ಕೆ ಬಂತು. ಗೇಮಿನಲ್ಲೇ ಮೋಸ ಇದೆಯಾ?
— ಓದುಗರು, ಮೈಸೂರು

ಉತ್ತರ: ಮೋಸ ಇಲ್ಲ. ಬೇಸ್‌ಬಾಲ್‌ನಲ್ಲಿ 29 ಮ್ಯಾಚು ಅಂದರೆ ಇನ್ನೂ ಏನೂ ಗೊತ್ತಾಗಿರಲ್ಲ.

2019ರ ವಾಷಿಂಗ್ಟನ್ ನ್ಯಾಷನಲ್ಸ್ ತಂಡವನ್ನೇ ನೋಡಿ. ಮೊದಲ 50 ಮ್ಯಾಚಿನಲ್ಲಿ 19 ಗೆಲುವು, 31 ಸೋಲು. ಮ್ಯಾನೇಜರ್‌ನನ್ನು ತೆಗೆದುಹಾಕಬೇಕು ಅನ್ನೋ ಮಾತು ಜೋರಾಗಿತ್ತು. ಉಳಿದ 112 ಮ್ಯಾಚಿನಲ್ಲಿ ಅದೇ ತಂಡ 74 ಗೆದ್ದು 38 ಸೋತಿತು. 93-69ಕ್ಕೆ ಸೀಸನ್ ಮುಗಿಸಿ ಪ್ಲೇಆಫ್‌ಗೆ ಹೋಯಿತು. ಕೊನೆಗೆ ಹ್ಯೂಸ್ಟನ್ ಆಸ್ಟ್ರೋಸ್ ವಿರುದ್ಧ ಏಳನೇ ಮ್ಯಾಚಿನಲ್ಲಿ ಗೆದ್ದು ವರ್ಲ್ಡ್ ಸೀರೀಸ್, ಅಂದರೆ ಫೈನಲ್ ಸರಣಿ, ಎತ್ತಿಕೊಂಡಿತು. ಆ ವರ್ಷದ ಸೀಸನ್ 50ಕ್ಕೇ ಮುಗಿದಿದ್ದರೆ ಅವರ ಹೆಸರು ಯಾರಿಗೂ ನೆನಪಿರುತ್ತಿರಲಿಲ್ಲ.

ಮರುವರ್ಷ ನಿಜವಾಗಿಯೂ ಸೀಸನ್ ಗಿಡ್ಡವಾಯಿತು. ಕೋವಿಡ್‌ನಿಂದ 2020ರಲ್ಲಿ ಒಂದೊಂದು ತಂಡಕ್ಕೆ 60 ಮ್ಯಾಚು ಮಾತ್ರ. ಹಿಂದಿನ ವರ್ಷ 105 ಮ್ಯಾಚು ಸೋತಿದ್ದ ಮಯಾಮಿ ಮಾರ್ಲಿನ್ಸ್ ಆ ವರ್ಷ 31-29ಕ್ಕೆ ಪ್ಲೇಆಫ್ ಸೇರಿತು. ಆ ಸಲ ಪ್ಲೇಆಫ್‌ಗೆ 16 ತಂಡ ಬಿಟ್ಟಿದ್ದರು ಅನ್ನೋದೂ ಇದೆ. ಆದರೂ 162 ಆಡಿದ್ದರೆ ಅದು ಬಹಳ ಕಷ್ಟವಿತ್ತು ಅಂತ ನನಗನ್ನಿಸುತ್ತದೆ. ಇನ್ನೊಂದು ಕಡೆ, ಆ 60ರಲ್ಲೂ ಲಾಸ್ ಏಂಜಲೀಸ್ ಡಾಡ್ಜರ್ಸ್ 43 ಗೆದ್ದು ಕೊನೆಗೆ ಚಾಂಪಿಯನ್ ಆಯಿತು. ಅಂದರೆ 60ರ ಆಸುಪಾಸಿನಲ್ಲಿ ತೀರಾ ಬಲಿಷ್ಠ ತಂಡ ತಲೆ ಎತ್ತಿ ನಿಲ್ಲುತ್ತದೆ, ಮಧ್ಯದವರ ಕಥೆ ಮಾತ್ರ ಅದೃಷ್ಟಕ್ಕೆ ಬಿಟ್ಟದ್ದು.

ನಿಮ್ಮ ಗೇಮಿನಲ್ಲಿ 58 ಇದೆಯಲ್ವಾ, ಅದನ್ನು ಆರಿಸಿಕೊಳ್ಳಿ. ಬಡ ತಂಡ ಇಟ್ಟುಕೊಂಡು ಆಡುವಾಗ ಬೇಕಿದ್ದರೆ 29 ಹಾಕಿ, ಆಗ ಅದೃಷ್ಟ ನಿಮ್ಮ ಕಡೆ ಇರುತ್ತದೆ.

ಪ್ರಶ್ನೆ: ನನ್ನ ಮಗನಿಗೆ 13 ವರ್ಷ. ಎಂಎಲ್‌ಬಿ ದಿ ಶೋ ಆಡುತ್ತಾನೆ. ಫ್ರಾಂಚೈಸಿ ಅಂತೆ, 162 ಮ್ಯಾಚಂತೆ, "ಅಮ್ಮಾ ಇನ್ನೂ ಜೂನ್ ಬಂದಿಲ್ಲ" ಅಂತಾನೆ. ಇದು ಮುಗಿಯೋದು ಯಾವಾಗ? ಬೈದು ನಿಲ್ಲಿಸೋಕೆ ನನಗೆ ಇಷ್ಟ ಇಲ್ಲ, ಶನಿವಾರ ಅವನ ಜೊತೆ ನಾನೂ ಕೂತು ನೋಡುತ್ತೇನೆ.
— ತಾಯಿ, ಸನಿವೇಲ್, ಕ್ಯಾಲಿಫೋರ್ನಿಯಾ

ಉತ್ತರ: ಮೇಡಂ, ನೀವು ಅವನ ಜೊತೆ ಕೂತು ನೋಡೋದು ಓದಿ ತುಂಬಾ ಖುಷಿಯಾಯಿತು. ಅರ್ಧ ಕೆಲಸ ಅಲ್ಲೇ ಆಗಿದೆ.

ಮೊದಲು ನಿಮಗೆ ಸಮಾಧಾನದ ಮಾತು. ಫ್ರಾಂಚೈಸಿ ಮೋಡ್‌ನಲ್ಲಿ, ಅಂದರೆ ಒಂದು ತಂಡವನ್ನು ಸೀಸನ್‌ಗಟ್ಟಲೆ ನಡೆಸೋ ಆಟದಲ್ಲಿ, ಮ್ಯಾಚಿನ ಮಧ್ಯದಲ್ಲೂ ಸೇವ್ ಮಾಡಿ ಎದ್ದು ಬರಬಹುದು. "ಈಗ ನಿಲ್ಲಿಸಿದರೆ ಎಲ್ಲಾ ಹೋಗುತ್ತೆ" ಅಂದರೆ ಅದಕ್ಕೆ ಇದು ಉತ್ತರ. ಇನ್ನೊಬ್ಬರ ಜೊತೆ ಆನ್‌ಲೈನ್‌ನಲ್ಲಿ ಆಡುವಾಗ ಮಾತ್ರ ಹಾಗೆ ಎದ್ದರೆ ಸೋಲು ಬೀಳುತ್ತದೆ, ಅಲ್ಲಿ ಆ ಮ್ಯಾಚು ಮುಗಿಸೋಕೆ ಬಿಡಿ.

ಎರಡನೆಯದು, ಎಲ್ಲಾ ಮ್ಯಾಚೂ ಅವನೇ ಆಡಬೇಕಾಗಿಲ್ಲ. ಬೇಕಾದ ದಿನಾಂಕದವರೆಗೆ ಸಿಮ್ಯುಲೇಟ್ ಮಾಡಬಹುದು. ಒಬ್ಬನೇ ಆಟಗಾರನನ್ನು ಹಿಡಿದು ಅವನ ಸರದಿ ಬಂದಾಗ ಮಾತ್ರ ಆಡಬಹುದು, ಆಗ ಒಂದು ಮ್ಯಾಚು ಬಹಳ ಬೇಗ ಮುಗಿಯುತ್ತದೆ. 2019ರ ಆವೃತ್ತಿಯಲ್ಲಿ 'ಮಾರ್ಚ್ ಟು ಅಕ್ಟೋಬರ್' ಅಂತ ಒಂದು ಮೋಡ್ ತಂದರು. ಅದರಲ್ಲಿ ಸೀಸನ್‌ನ ಮುಖ್ಯ ಘಳಿಗೆಗಳು ಮಾತ್ರ ಆಟಗಾರನ ಕೈಗೆ ಬರುತ್ತವೆ. ಎಂಟನೇ ಇನ್ನಿಂಗ್ಸ್, ಒಂದು ರನ್ ಹಿಂದೆ, ಈಗ ಆಡು ಅನ್ನುತ್ತದೆ. ಗೆದ್ದರೆ ತಂಡಕ್ಕೆ ಹುಮ್ಮಸ್ಸು ಬಂದು ಮುಂದಿನ ಸಿಮ್ಯುಲೇಟ್ ಮ್ಯಾಚುಗಳಲ್ಲೂ ಅದರ ಫಲ ಕಾಣುತ್ತದೆ. 162 ಮ್ಯಾಚಿನ ವರ್ಷ ಆಡಿದ ಹಾಗೂ ಆಗುತ್ತದೆ, ಸೀಸನ್ ಮುಗಿದ ಹಾಗೂ ಆಗುತ್ತದೆ.

ನನ್ನ ಸಲಹೆ ಹೀಗಿದೆ. ವಾರಕ್ಕೆ ಯಾವ ಸರಣಿ ಆಡೋದು ಅಂತ ಭಾನುವಾರ ಅವನೇ ಆರಿಸಲಿ. ನಿಮ್ಮ ಊರಿನಿಂದ ಸ್ಯಾನ್ ಫ್ರಾನ್ಸಿಸ್ಕೊ ದೂರ ಇಲ್ಲ, ಅಲ್ಲಿನ ಜಯಂಟ್ಸ್ ತಂಡ ಡಾಡ್ಜರ್ಸ್ ಜೊತೆ ಆಡೋ ಸರಣಿ ಬಿಡು ಅಂತ ಮಾತ್ರ ಅವನಿಗೆ ಹೇಳಬೇಡಿ. ಉಳಿದದ್ದು ಸಿಮ್ಯುಲೇಟ್. ಯಾವ ಪಿಚರ್‌ಗೆ ವಿಶ್ರಾಂತಿ ಕೊಡಬೇಕು, ಯಾರನ್ನು ಕೆಳಗಿನ ಲೀಗಿಗೆ ಕಳಿಸಬೇಕು ಅಂತ ನಿಮಗೆ ವಿವರಿಸಿ ಹೇಳೋಕೆ ಬಿಡಿ. ಆ ವಯಸ್ಸಿನ ಮಕ್ಕಳು ಈ ಲೆಕ್ಕಾಚಾರವನ್ನು ಎಷ್ಟು ಶ್ರದ್ಧೆಯಿಂದ ಮಾಡುತ್ತಾರೆ ಅಂದರೆ, ಕೇಳೋಕೇ ಒಂದು ಸಂತೋಷ.

ಪ್ರಶ್ನೆ: 81 ಮ್ಯಾಚಿನ ಸೀಸನ್‌ನಲ್ಲಿ ನನ್ನ ಬ್ಯಾಟರ್ 64 ಹೋಮ್ ರನ್ ಹೊಡೆದ. ಇದನ್ನು ದಾಖಲೆ ಅಂತ ಹೇಳಿಕೊಳ್ಳಬಹುದಾ?
— ಓದುಗರು, ಹುಬ್ಬಳ್ಳಿ

ಉತ್ತರ: ಅಭಿನಂದನೆ! ಹೋಮ್ ರನ್ ಅಂದರೆ ಹೆಚ್ಚುಕಮ್ಮಿ ನಮ್ಮ ಸಿಕ್ಸರ್ ಇದ್ದ ಹಾಗೆ. ಆದರೆ ಒಂದು ವಿಷಯ. ಪೂರ್ತಿ ಸೀಸನ್‌ನ ದಾಖಲೆ ಬ್ಯಾರಿ ಬಾಂಡ್ಸ್ 2001ರಲ್ಲಿ ಹೊಡೆದ 73. ನೀವು ಅರ್ಧ ಸೀಸನ್‌ನಲ್ಲಿ 64 ಹೊಡೆದಿದ್ದೀರಿ, ಅಂದರೆ ಪೂರ್ತಿಗೆ 128ರ ವೇಗ. ಕಷ್ಟದ ಮಟ್ಟ ನಿಮಗೆ ತುಂಬಾ ಸುಲಭವಾಗಿದೆ. ಒಂದೆರಡು ಹೆಜ್ಜೆ ಏರಿಸಿ ಆಡಿ. 81ರಲ್ಲಿ 30 ಹೊಡೆಯೋಕೆ ಒದ್ದಾಡೋ ಹಾಗಾದರೆ ಸರಿಯಾದ ಮಟ್ಟಕ್ಕೆ ಬಂದಿದ್ದೀರಿ ಅಂತ ಅರ್ಥ.

ಸೀಸನ್‌ನ ಉದ್ದ ಮತ್ತು ದಾಖಲೆಯ ಜಗಳ ನಿಜವಾದ ಬೇಸ್‌ಬಾಲ್‌ನಲ್ಲೂ ಆಗಿದೆ. ಬೇಬ್ ರೂತ್ 1927ರಲ್ಲಿ 154 ಮ್ಯಾಚಿನ ಸೀಸನ್‌ನಲ್ಲಿ 60 ಹೋಮ್ ರನ್ ಹೊಡೆದಿದ್ದ. 1961ರಲ್ಲಿ, ಮೇಲೆ ಹೇಳಿದೆನಲ್ಲ, ಅದೇ 162ರ ಮೊದಲ ವರ್ಷ, ರಾಜರ್ ಮ್ಯಾರಿಸ್ ಅದರ ಹತ್ತಿರ ಬಂದ. ಆಗ ಮೇಜರ್ ಲೀಗಿನ ಮುಖ್ಯಸ್ಥ, ಅಂದರೆ ಕಮಿಷನರ್ ಆಗಿದ್ದ ಫೋರ್ಡ್ ಫ್ರಿಕ್, 154 ಮ್ಯಾಚಿನೊಳಗೆ ಹೊಡೆಯದಿದ್ದರೆ ದಾಖಲೆ ಪುಸ್ತಕದಲ್ಲಿ ಬೇರೆ ಗುರುತು ಇರಬೇಕು ಅಂದುಬಿಟ್ಟ. 154 ಮುಗಿದಾಗ ಮ್ಯಾರಿಸ್ 59ರಲ್ಲಿದ್ದ. 61ನೆಯದು ಬಂದಿದ್ದು ಸೀಸನ್‌ನ ಕೊನೆಯ ದಿನ, ಅಕ್ಟೋಬರ್ 1ಕ್ಕೆ. ಪಾಪ, ಬದುಕಿರೋವರೆಗೂ ಆ ಮಾತು ಅವನನ್ನು ಬಿಡಲಿಲ್ಲ. 1985ರಲ್ಲಿ ತೀರಿಕೊಂಡ. ಎರಡು ದಾಖಲೆಗಳನ್ನು ಬೇರೆ ಬೇರೆ ಇಟ್ಟಿದ್ದನ್ನು ಕೈಬಿಟ್ಟಿದ್ದು 1991ರಲ್ಲಿ. ಎಂಟು ಮ್ಯಾಚಿನ ವ್ಯತ್ಯಾಸಕ್ಕೆ ಒಬ್ಬ ಮನುಷ್ಯನ ಸಾಧನೆಯನ್ನು ಅಷ್ಟು ಕಾಲ ಅನುಮಾನದಲ್ಲಿ ಇಟ್ಟಿದ್ದು ಅನ್ಯಾಯ ಅಂತಲೇ ನನ್ನ ಅಭಿಪ್ರಾಯ.

ನಿಮ್ಮ ಗೇಮಿಗೆ ಬಂದರೆ, ಗಿಡ್ಡ ಸೀಸನ್‌ನಲ್ಲಿ ಒಟ್ಟು ಹೋಮ್ ರನ್, ಒಟ್ಟು ಗೆಲುವು ಇವನ್ನು ನಿಜವಾದ ದಾಖಲೆ ಜೊತೆ ಹೋಲಿಸಬೇಡಿ. ಸರಾಸರಿಗಳನ್ನು ಹೋಲಿಸಬಹುದು, ಅದೂ ಎಚ್ಚರಿಕೆಯಿಂದ. ದಾಖಲೆ ಮುರಿಯೋದೇ ನಿಮ್ಮ ಆಸೆ ಆದರೆ 162 ಆಡಲೇಬೇಕು, ಬೇರೆ ದಾರಿ ಇಲ್ಲ.

ಪ್ರಶ್ನೆ: ಹಳೆಯ ಕಾಲದ 154 ಮ್ಯಾಚಿನ ಸೀಸನ್ ಆಡೋಕೆ ಆಗುತ್ತಾ? ಕೈಯಿಂದ ಆಡಬೇಕು ಅಂತಿಲ್ಲ, ಮ್ಯಾನೇಜರ್ ಆದರೂ ಸಾಕು.
— ನಿವೃತ್ತ ಅಧ್ಯಾಪಕರು, ಮಂಗಳೂರು

ಉತ್ತರ: ಸರ್, ನಿಮಗೆ ಹೇಳಿ ಮಾಡಿಸಿದ್ದು 'ಔಟ್ ಆಫ್ ದಿ ಪಾರ್ಕ್ ಬೇಸ್‌ಬಾಲ್'. 1999ರಿಂದ ಬರುತ್ತಿದೆ. ಇದರಲ್ಲಿ ಬ್ಯಾಟ್ ಬೀಸೋದು ಇಲ್ಲ, ತಂಡ ನಡೆಸೋದು ಮಾತ್ರ. 1871ರಿಂದ ಈಚೆಗೆ ಯಾವ ವರ್ಷ ಬೇಕಾದರೂ ಆರಿಸಿಕೊಂಡು ಆ ಕಾಲದ ತಂಡ, ಆಟಗಾರರ ಜೊತೆ ಶುರು ಮಾಡಬಹುದು. 110 ಮ್ಯಾಚು ಗೆದ್ದ 1927ರ ಯಾಂಕೀಸ್ ತಂಡವನ್ನು ನೀವೇ ನಡೆಸಬಹುದು, ಅಥವಾ ಅವರನ್ನು ಸೋಲಿಸೋಕೆ ನೋಡಬಹುದು.

ನೀವು 1994ನ್ನು ಒಮ್ಮೆ ಆಡಲೇಬೇಕು. ಆ ವರ್ಷ ಆಗಸ್ಟ್ 12ಕ್ಕೆ ಆಟಗಾರರ ಮುಷ್ಕರ ಶುರುವಾಗಿ ಸೀಸನ್ ಅಲ್ಲೇ ನಿಂತಿತು, ವರ್ಲ್ಡ್ ಸೀರೀಸೇ ನಡೆಯಲಿಲ್ಲ. ಕೆನಡಾದ ಮಾಂಟ್ರಿಯಲ್ ಎಕ್ಸ್‌ಪೋಸ್ 74-40ರೊಂದಿಗೆ ಎಲ್ಲರಿಗಿಂತ ಮುಂದಿತ್ತು. ಬ್ಯಾಟರ್ ಟೋನಿ ಗ್ವಿನ್ ಸರಾಸರಿ .394ರಲ್ಲಿದ್ದ, ಅಂದರೆ ಸಾವಿರ ಅವಕಾಶಕ್ಕೆ 394 ಹಿಟ್‌ನ ಲೆಕ್ಕ. 1941ರಲ್ಲಿ ಟೆಡ್ ವಿಲಿಯಮ್ಸ್ .406 ಹೊಡೆದ ಮೇಲೆ ಅಮೆರಿಕನ್, ನ್ಯಾಷನಲ್ ಲೀಗುಗಳ ಪೂರ್ತಿ ಸೀಸನ್‌ನಲ್ಲಿ ಯಾರೂ .400 ಮುಟ್ಟಿಲ್ಲ. ಮ್ಯಾಟ್ ವಿಲಿಯಮ್ಸ್ 43 ಹೋಮ್ ರನ್ ಹೊಡೆದು ಮ್ಯಾರಿಸ್‌ನ 61ರ ಬೆನ್ನು ಹತ್ತಿದ್ದ. ಎಲ್ಲಾ ಅರ್ಧಕ್ಕೇ ನಿಂತುಹೋಯಿತು. ಎಕ್ಸ್‌ಪೋಸ್ ಆಮೇಲೆ ಚೇತರಿಸಿಕೊಳ್ಳಲೇ ಇಲ್ಲ. 2005ರಲ್ಲಿ ತಂಡ ವಾಷಿಂಗ್ಟನ್‌ಗೆ ಹೋಯಿತು, ಮೇಲೆ ಹೇಳಿದ ನ್ಯಾಷನಲ್ಸ್ ಅದೇ. ಮುಷ್ಕರ ಇಲ್ಲದೆ 162 ಮುಗಿಸಿ ನೋಡಿ. ಆ ಊರಿನ ಜನ ಇವತ್ತಿಗೂ ಕೇಳಿಕೊಳ್ಳೋ ಪ್ರಶ್ನೆಗೆ ನಿಮ್ಮದೇ ಒಂದು ಉತ್ತರ ಸಿಗುತ್ತದೆ.

ಪ್ರಶ್ನೆ: ಸೀಸನ್ ಗಿಡ್ಡ ಮಾಡಿದ ಮೇಲೆ ಪ್ಲೇಆಫ್ ಸರಣಿಗಳನ್ನೂ ಒಂದೊಂದೇ ಮ್ಯಾಚು ಮಾಡಲಾ?
— ಓದುಗರು, ತುಮಕೂರು

ಉತ್ತರ: ಬೇಡ. ಈಗಿನ ಕ್ರಮ ಮೂರರಲ್ಲಿ ಎರಡು, ಐದರಲ್ಲಿ ಮೂರು, ಆಮೇಲೆ ಎರಡು ಸಲ ಏಳರಲ್ಲಿ ನಾಲ್ಕು. ಒಂದೇ ಮ್ಯಾಚಾದರೆ ನಿಮ್ಮ ಎರಡನೇ, ಮೂರನೇ ಪಿಚರ್‌ಗೆ ಕೆಲಸವೇ ಇರಲ್ಲ. ಸಮಯ ಇಲ್ಲದಿದ್ದರೆ ಎಲ್ಲವನ್ನೂ ಮೂರಕ್ಕೆ ಇಳಿಸಿ, ಫೈನಲ್ ಮಾತ್ರ ಏಳೇ ಇರಲಿ.

ಪ್ರಶ್ನೆ: ಸೂಪರ್ ಮೆಗಾದ ಫ್ರಾಂಚೈಸಿ ಮೋಡ್‌ನಲ್ಲಿ ಹತ್ತು ವರ್ಷ ತಂಡ ನಡೆಸಬೇಕು ಅಂತ ಆಸೆ. ಅದಕ್ಕೂ ಉದ್ದ ಸೀಸನ್ನೇ ಬೇಕಾ?
— ಓದುಗರು, ಕಲಬುರಗಿ

ಉತ್ತರ: ಇಲ್ಲಿ ಮಾತ್ರ ನಾನು ಗಿಡ್ಡ ಸೀಸನ್ ಪರ. ಆ ಮೋಡ್‌ನಲ್ಲಿ ಸೀಸನ್ ಕಳೆದಂತೆ ಆಟಗಾರರಿಗೆ ವಯಸ್ಸಾಗುತ್ತದೆ, ಕೆಲವರು ನಿವೃತ್ತರಾಗುತ್ತಾರೆ, ಹೊಸಬರನ್ನು ತಂದು ಬೆಳೆಸಬೇಕು. ಅದರ ರುಚಿ ಗೊತ್ತಾಗಬೇಕಾದರೆ ಐದಾರು ಸೀಸನ್ ದಾಟಲೇಬೇಕು. 24ರಿಂದ 32 ಮ್ಯಾಚಿನ ಸೀಸನ್ ಇಟ್ಟುಕೊಳ್ಳಿ. ಅವನು ಹುಡುಗನಾಗಿದ್ದಾಗ ನೀವು ತಂದ ಶಾರ್ಟ್‌ಸ್ಟಾಪ್ (ಎರಡನೇ, ಮೂರನೇ ಬೇಸ್ ಮಧ್ಯೆ ನಿಲ್ಲೋ ಫೀಲ್ಡರ್) ವಯಸ್ಸಾಗಿ, ಓಟದ ವೇಗ ಕಳೆದುಕೊಂಡು, ನೀವೇ ಅವನನ್ನು ಬೆಂಚಿಗೆ ಕೂರಿಸಬೇಕಾಗಿ ಬರೋದಿದೆಯಲ್ಲ, ಅದು 162ರ ಒಂದೇ ಸೀಸನ್‌ನಲ್ಲಿ ಸಿಗಲ್ಲ.

ಪ್ರಶ್ನೆ: 162 ಹಾಕಿ 40 ಮ್ಯಾಚು ಆಡಿದ್ದೇನೆ. ಸಾಕಾಗಿದೆ. ಮಧ್ಯದಲ್ಲಿ ಸೀಸನ್ ಗಿಡ್ಡ ಮಾಡಬಹುದಾ?
— ಓದುಗರು, ಹಾಸನ

ಉತ್ತರ: ಸಾಮಾನ್ಯವಾಗಿ ಆಗಲ್ಲ, ಉದ್ದವನ್ನು ಶುರುವಿನಲ್ಲೇ ಗೊತ್ತು ಮಾಡಿರುತ್ತಾರೆ. ಆದರೆ ಸೀಸನ್ ಬಿಸಾಡಬೇಡಿ. ಈಗಿನ ಫೈಲನ್ನು ಬೇರೆ ಹೆಸರಿನಲ್ಲಿ ಒಮ್ಮೆ ಸೇವ್ ಮಾಡಿಕೊಳ್ಳಿ. ಪಿಚರ್‌ಗಳ ಸರದಿ, ಬ್ಯಾಟಿಂಗ್ ಕ್ರಮ ಸರಿ ಮಾಡಿ ಜುಲೈನಲ್ಲಿ ಸೀಸನ್ ಮಧ್ಯೆ ಬರೋ ಆಲ್‌ಸ್ಟಾರ್ ವಿರಾಮದವರೆಗೆ ಸಿಮ್ಯುಲೇಟ್ ಮಾಡಿ. ತಂಡ ಎಲ್ಲಿ ನಿಂತಿದೆ ನೋಡಿ, ಜುಲೈ ಕೊನೆಯ ಆಸುಪಾಸಿಗೆ ಬರೋ ಆಟಗಾರರ ವಿನಿಮಯದ ಗಡುವಿನೊಳಗೆ ಕೊರತೆ ಇದ್ದ ಕಡೆ ಒಬ್ಬ ಆಟಗಾರನನ್ನು ತನ್ನಿ. ಆಮೇಲೆ ಆಗಸ್ಟ್ ಪೂರ್ತಿ ಸಿಮ್ಯುಲೇಟ್, ಸೆಪ್ಟೆಂಬರ್ ಮಾತ್ರ ಕೈಯಿಂದ ಆಡಿ. ಅಲ್ಲಿ ಉಳಿಯೋದು 25ರ ಆಸುಪಾಸು ಮ್ಯಾಚು. ಒಂದೊಂದು ಗೆಲುವಿಗೂ ಬೆಲೆ ಇರೋ ತಿಂಗಳು ಅದು, ಬೇಜಾರು ಎಲ್ಲಿ ಹೋಯಿತು ಅಂತ ಗೊತ್ತೇ ಆಗಲ್ಲ.